ಹಸಿರು ಟೇಪು

ದಸ್ತಗೀರಸಾಬರ ಕೆಲಸದಲ್ಲಿ ತಪ್ಪಿರಲಿಲ್ಲ. ಸಡಿಲ ಬಿಟ್ಟ ಬೋಲ್ಟು ನನ್ನದು. ಅದು ಗೊತ್ತಿದ್ದೂ ನಾನು ಅವರ ಹೆಸರು ಹೇಳಿದೆ.

ಈ ಮಾತನ್ನು ಬಾಯಲ್ಲಿ ಹೇಳಹೋದರೆ ನಡುವೆ ಎಲ್ಲೋ ಒಂದು ‘ಆದರೆ’ ಬಂದು ಸೇರಿಕೊಳ್ಳುತ್ತದೆ — ನನ್ನ ನಾಲಿಗೆಯ ಗುಣ ನನಗೆ ಗೊತ್ತು. ಅದಕ್ಕೇ ಬರೆಯುತ್ತಿದ್ದೇನೆ. ಆದದ್ದನ್ನು ಆದ ಕ್ರಮದಲ್ಲೇ ಬರೆಯುತ್ತೇನೆ.

ಯರಗಟ್ಟಿಯಲ್ಲಿ ನನ್ನದೊಂದು ಗ್ಯಾರೇಜು. ಐದು ವರ್ಷದ ಹಿಂದೆ ಅದರ ಗೋಡೆಗೆ ಅಂಟಿಕೊಂಡೇ ದಸ್ತಗೀರಸಾಬರ ಅಂಗಡಿ ಇತ್ತು. ಅವರು ವಾಹನಗಳ ವೈರಿಂಗ್ ಮಾಡುವವರು, ಊರಿಗೆಲ್ಲ ಚಾಚಾ. ಅವರದೊಂದು ಪದ್ಧತಿ. ತಾವು ಕೈಹಾಕಿದ ಪ್ರತಿ ತಂತಿಯ ಜೋಡಣೆಗೂ ಹಸಿರು ಟೇಪನ್ನೇ ಸುತ್ತುತ್ತಿದ್ದರು. ಕಪ್ಪು ಟೇಪು ಎಲ್ಲರ ಹತ್ತಿರವೂ ಇರುತ್ತದೆ. “ನಾಳಿ ಕೆಟ್ಟರ ಯಾರನ್ನ ಹಿಡೀಬೇಕಂತ ಗೊತ್ತಾಗಬೇಕಲ್ಲೋ” ಎಂದು ನಗುತ್ತಿದ್ದರು. ಆ ಟೇಪನ್ನೇ ನಾನು ಅವರ ವಿರುದ್ಧ ಸಾಕ್ಷಿ ಮಾಡಿಕೊಂಡೆ.

ಚಚಡಿಯ ಬಸಣ್ಣ ಸಾವಕಾರರು ಹತ್ತಿ ವ್ಯಾಪಾರದವರು. ಅವರ ಡೀಸೆಲ್ ಎಸ್‌ಯುವಿ ಕ್ಲಚ್ ಬದಲಿಸಲು ನನ್ನಲ್ಲಿಗೆ ಬಂತು. ಕ್ಲಚ್ ತೆಗೆಯಬೇಕಾದರೆ ಗೇರ್‌ಬಾಕ್ಸಿಗೆ ಕೂಡಿಸಿದ ಒಂದು ತಾಮ್ರದ ಪಟ್ಟಿಯನ್ನು ಬಿಚ್ಚಬೇಕು. ಅದೇ ಅರ್ಥಿಂಗ್ ಪಟ್ಟಿ. ಇಂಜಿನ್ನಿನಿಂದ ಕರೆಂಟು ಬ್ಯಾಟರಿಗೆ ಹಿಂದಿರುಗುವ ದಾರಿ. ಕೆಲಸ ಮುಗಿಸಿ ಆ ಪಟ್ಟಿಯ ಬೋಲ್ಟನ್ನು ಬೆರಳಿನಿಂದ ಕೂಡಿಸಿದೆ. ಪಾನಾ ಹಚ್ಚಿ ಬಿಗಿ ಮಾಡುವುದು ಬಾಕಿ ಇತ್ತು. ಅಷ್ಟರಲ್ಲಿ ಫೋನು ಬಂತು — ಯಾರದು, ಏಕೆ, ನೆನಪಿಲ್ಲ. ಮಾತಾಡಿ ಬಂದು ಗಾಡಿಯನ್ನು ಕೆಳಗಿಳಿಸಿದೆ.

ಅದೇ ವಾರ ಸಾವಕಾರರು ಪಕ್ಕದ ಅಂಗಡಿಯಲ್ಲಿ ಮುಂದಿನ ಬಂಪರಿಗೆ ಎರಡು ಹೆಚ್ಚಿನ ಲೈಟು ಹಾಕಿಸಿಕೊಂಡರು. ಚಾಚಾ ಹಾಕಿದರು, ಹಸಿರು ಟೇಪು ಸುತ್ತಿದರು.

ಎಂಟು ದಿನ ಬಿಟ್ಟು ಗಾಡಿ ಮತ್ತೆ ನನ್ನ ಬಾಗಿಲಿಗೆ ಬಂತು. ಡ್ಯಾಶ್‌ಬೋರ್ಡಿನಲ್ಲಿ ಬ್ಯಾಟರಿ ಆಕಾರದ ಕೆಂಪು ದೀಪ, ಚಾರ್ಜಿಂಗ್ ಪರೀಕ್ಷಿಸಿ ಎಂಬ ಸೂಚನೆ. ಸ್ಕ್ಯಾನರ್ ಹಚ್ಚಿದೆ. ಚಾರ್ಜಿಂಗ್ ವೋಲ್ಟೇಜು ಕಡಿಮೆಯಾಗಿತ್ತು ಎಂಬ ದಾಖಲೆ ಸಿಕ್ಕಿತು. ಆದರೆ ನಿಂತ ಗಾಡಿಯಲ್ಲಿ ವೋಲ್ಟೇಜು ಸರಿಯಾಗಿಯೇ ಬರುತ್ತಿತ್ತು. ಈಗಿನ ಗಾಡಿಗಳಲ್ಲಿ ಆಲ್ಟರ್ನೇಟರ್ ಎಷ್ಟು ಕೊಡಬೇಕೆಂದು ಕಂಪ್ಯೂಟರೇ ಹೇಳುತ್ತದೆ. ವೋಲ್ಟೇಜು ತಾನಾಗಿ ಏರುತ್ತದೆ, ಇಳಿಯುತ್ತದೆ. ಇಳಿದದ್ದು ದೋಷವೋ ಲೆಕ್ಕಾಚಾರವೋ ಎಂದು ತಿಳಿಯಲು ಕೆಳಗೆ ಮಲಗಿ ಒಂದೊಂದೇ ಜೋಡಣೆ ನೋಡಬೇಕು. ನಾನು ಮಲಗಲಿಲ್ಲ.

ಚಾಚಾ ತಮ್ಮ ಅಂಗಡಿಯಿಂದ ಎದ್ದು ಬಂದರು.

“ಮಾಂತೇಶಾ, ಮೀಟರಿನ ಒಂದ್ ವಾಯರ್ ಬ್ಯಾಟರಿ ಮೈನಸ್ಸಿಗೆ ಹಿಡಿ, ಇನ್ನೊಂದು ಇಂಜಿನ್ ಮೈಗೆ ಹಿಡಿ. ಲೈಟು, ಎಸಿ ಎಲ್ಲಾ ಹಚ್ಚು. ಅರ್ಥಿಂಗ್ ಒಮ್ಮಿ ನೋಡಿಬಿಡೋ.”

“ಚಾಚಾ, ಇದು ನಿಮ್ಮ ಟ್ರ್ಯಾಕ್ಟರಿನ ಡೈನಮೋ ಅಲ್ರಿ. ಇದರಾಗ ಕಂಪ್ಯೂಟರ್ ಐತಿ. ತನಗ ಏನಾಗೇತಿ ಅಂತ ತಾನ ಹೇಳತೈತಿ.”

“ಕಂಪ್ಯೂಟರ್ ಇದ್ರೂ ಕರೆಂಟು ತಿರುಗಿ ಹೋಗಾಕ ದಾರಿ ಬೇಕಲ್ಲೋ, ತಮ್ಮಾ.”

“ಚಾಚಾಗ ವಿಮಾನ ತೋರಿಸಿದ್ರೂ ಟ್ರ್ಯಾಕ್ಟರ್ ಅಂತಾರ ನೋಡ್ರಿ!” ಎಂದರು ಸಾವಕಾರರು. ಅಲ್ಲಿದ್ದವರೆಲ್ಲ ನಕ್ಕರು. ಚಾಚಾ ಕೂಡ ನಕ್ಕು ಹೋದರು.

ಅವರು ಹೇಳಿದ ಪರೀಕ್ಷೆಗೆ ಬೇಕಾದದ್ದು ಎರಡು ನಿಮಿಷ. ವೋಲ್ಟ್ ಅಳೆಯುವ ಮೀಟರು ನನ್ನ ಕಿಸೆಯಲ್ಲೇ ಇತ್ತು. ನಾನು ಸ್ಕ್ಯಾನರಿನಿಂದ ದಾಖಲೆ ಅಳಿಸಿದೆ, ದೀಪ ಆರಿತು. ಸಾವಕಾರರಿಗೆ ಹೇಳಿದೆ: “ಮತ್ತ ಹತ್ತಿದ್ರೂ ಚಿಂತಿ ಮಾಡಬ್ಯಾಡ್ರಿ. ಸೆನ್ಸರಿನ ತಪ್ಪು ಇರತೈತಿ, ಆಮ್ಯಾಲೆ ನೋಡೋಣು.”

ಮೂರನೆಯ ದಿನ ಮಧ್ಯಾಹ್ನ ಅವರು ತಾಯಿ ಗಂಗವ್ವನನ್ನು ಕೂಡಿಸಿಕೊಂಡು ರಾಮದುರ್ಗದಿಂದ ಬರುತ್ತಿದ್ದರು. ದೀಪ ಹತ್ತಿತು. ನನ್ನ ಮಾತು ನಂಬಿ ಗಾಡಿ ನಿಲ್ಲಿಸಲಿಲ್ಲ. ಬ್ಯಾಟರಿ ಪೂರ್ತಿ ಇಳಿದಾಗ ಕರೆಂಟಿನಿಂದ ನಡೆಯುವ ಸ್ಟೀರಿಂಗು ಒಂದು ತಿರುವಿನಲ್ಲಿ ಕಲ್ಲಿನಂತೆ ಬಿಗಿಯಾಯಿತು. ಗಾಡಿ ರಸ್ತೆ ಬಿಟ್ಟು ಹೊಲದ ಬದುವಿನ ಕಲ್ಲಿಗೆ ಬಡಿಯಿತು. ಗಂಗವ್ವನ ಬಲಗೈಯ ಮಣಿಕಟ್ಟು ಮುರಿಯಿತು. ಆ ಕೈ ಮತ್ತೆ ರೊಟ್ಟಿ ಬಡಿಯಲಿಲ್ಲ.

ಗಾಡಿಯನ್ನು ಟ್ರ್ಯಾಕ್ಟರಿಗೆ ಕಟ್ಟಿ ನನ್ನ ಗ್ಯಾರೇಜಿಗೆ ಎಳೆದು ತಂದರು. ಈಗ ನಾನು ಕೆಳಗೆ ಮಲಗಿದೆ. ಬೇರೆ ಬ್ಯಾಟರಿ ಹಚ್ಚಿ, ಇಂಜಿನ್ ಚಾಲೂ ಮಾಡಿ, ಲೈಟೆಲ್ಲ ಹಾಕಿ, ಚಾಚಾ ಹೇಳಿದಂತೆಯೇ ಮೀಟರು ಹಿಡಿದೆ. ಸೊನ್ನೆಯ ಹತ್ತಿರ ಇರಬೇಕಾದ ಮುಳ್ಳು ಎರಡು ವೋಲ್ಟಿನ ಹತ್ತಿರ ನಡುಗುತ್ತಿತ್ತು. ಇಂಜಿನ್ ಬಂದ್ ಮಾಡಿ ಗೇರ್‌ಬಾಕ್ಸಿನ ಬೋಲ್ಟಿಗೆ ಕೈ ಹಾಕಿದೆ. ಅದು ಬೆರಳಿಗೇ ತಿರುಗಿತು.

ಮೊದಲು ಮಾಡಿದ್ದು — ಪಾನಾ ತೆಗೆದುಕೊಂಡು ಅದನ್ನು ಬಿಗಿ ಮಾಡಿದೆ. ಇಂಜಿನ್ ಚಾಲೂ ಮಾಡಿ ಮತ್ತೆ ಅಳೆದೆ. ಮುಳ್ಳು ಸೊನ್ನೆಗೆ ಕುಳಿತಿತು. ನನ್ನ ಹೊರತು ಯಾರೂ ನೋಡಿರಲಿಲ್ಲ.

ಹೊರಗೆ ಬಂದಾಗ ಸಾವಕಾರರು ನಿಂತಿದ್ದರು, ಅಂಗಿಯ ತೋಳಿಗೆ ಇನ್ನೂ ಹೊಲದ ಮಣ್ಣು. “ಏನಾಗಿತ್ತೋ?” ಅಂದರು. ಎದುರಿಗೆ ತೆರೆದ ಬಾನೆಟ್ಟಿನಲ್ಲಿ ಹಸಿರು ಟೇಪು ಕಂಡಿತು.

“ಚಾಚಾನ ವೈರಿಂಗ್‌ನ್ಯಾಗ ಶಾರ್ಟ್ ಆಗಿತ್ರಿ” ಅಂದೆ.

ಮೊದಲೇ ಯೋಚಿಸಿ ಇಟ್ಟುಕೊಂಡ ಮಾತಲ್ಲ ಅದು. ಆದರೆ ಹೇಳಿದ ಮೇಲೆ ತಿದ್ದಿಕೊಳ್ಳಲು ನನಗೆ ಬೇಕಾದಷ್ಟು ಸಮಯವಿತ್ತು. ಸಾವಕಾರರು ಪಕ್ಕದ ಅಂಗಡಿಗೆ ನಡೆದು ಹೋಗಲು ಹತ್ತು ಹೆಜ್ಜೆ. ಅಲ್ಲಿ ಅವರು ಕೂಗಾಡಿದ್ದು ನನಗೆ ಕೇಳಿಸುತ್ತಿತ್ತು: “ನಮ್ಮವ್ವನ ಕೈ ಮುರದಿ ನೋಡು, ಚಾಚಾ!” ಚಾಚಾ ಬಂದರು, ಬಾನೆಟ್ಟಿನೊಳಗೆ ಬಗ್ಗಿ ನೋಡಿದರು. “ಟೇಪ್ ನಂದ ಐತಿ” ಅಂದರು. ಆಮೇಲೆ ನನ್ನ ಮುಖ ನೋಡಿದರು. ಆ ನೋಟದಲ್ಲಿ ಎಲ್ಲ ಗೊತ್ತಾದಂತಿತ್ತು ಎಂದು ನಾನು ತಿಳಿದುಕೊಂಡೆ. ಅವರೆದುರಿಗೇ ಅವರ ತಂತಿಗಳನ್ನು ಕತ್ತರಿಸಿ ತೆಗೆದೆ.

ಸುದ್ದಿ ಹಬ್ಬಿತು. ಚಾಚಾನ ಅಂಗಡಿಯ ಮುಂದೆ ಗಾಡಿ ನಿಲ್ಲುವುದು ಕಡಿಮೆಯಾಯಿತು. ಆದರೆ ಅದಕ್ಕೂ ಮೊದಲೇ, ಬಂದವರನ್ನೂ ಅವರೇ ತಿರುಗಿಸಿ ಕಳಿಸತೊಡಗಿದ್ದರು — ಆಗ ನನಗೆ ಅದರ ಅರ್ಥವಾಗಲಿಲ್ಲ. ವರ್ಷದೊಳಗೆ ಶಟರ್ ಎಳೆದು ಉಗರಗೋಳದಲ್ಲಿದ್ದ ಮಗಳ ಮನೆಗೆ ಹೋದರು. ಆ ಜಾಗವನ್ನೂ ನಾನೇ ತೆಗೆದುಕೊಂಡೆ. ನಡುವಿನ ಗೋಡೆ ಒಡೆಸಿದೆ. ಇವತ್ತು ಸ್ಕ್ಯಾನರಿನ ಟೇಬಲ್ಲು ಇರುವುದು ಅವರು ಕೂಡುತ್ತಿದ್ದ ಜಾಗದಲ್ಲಿ.

ಐದು ವರ್ಷ ನಾನು ಒಂದೇ ನಂಬಿಕೆಯಲ್ಲಿ ಕಳೆದೆ: ಚಾಚಾಗೆ ಸತ್ಯ ಗೊತ್ತಿದೆ, ನನ್ನನ್ನು ಬಯ್ಯುತ್ತಿದ್ದಾರೆ. ಅದರಲ್ಲಿ ಒಂದು ಸಮಾಧಾನವೂ ಇತ್ತು. ಬೈಗುಳ ತಿನ್ನುತ್ತಿದ್ದೇನಲ್ಲ, ಲೆಕ್ಕ ಚುಕ್ತಾ ಆಯಿತು ಎಂಬಂತೆ.

ಹೋದ ತಿಂಗಳು ದೇವಿಯ ಗುಡ್ಡಕ್ಕೆ ದರ್ಶನಕ್ಕೆ ಬಂದವರ ಟೆಂಪೋ ಒಂದು ಉಗರಗೋಳದಲ್ಲಿ ಕೆಟ್ಟು ನಿಂತಿತು. ಅದನ್ನು ನೋಡಿ ಹೊರಟಾಗ ಬಳೆಯಂಗಡಿಯ ಹೆಣ್ಣುಮಗಳೊಬ್ಬಳು ಕೂಗಿದಳು: “ಅಣ್ಣಾರ, ಈ ಬಲ್ಬಿನ ಹೋಲ್ಡರ್ ಒಂದೀಟು ಕೂಡಸ್ರಿ. ಮನ್ಯಾಗ ನಮ್ಮ ಅಬ್ಬಾ ಅದಾರ, ಆದ್ರ ವಾಯರ್ ಮುಟ್ಟೂದ ಬಿಟ್ಟಾರ್ರಿ.” ಒಳಗೆ ಕುರ್ಚಿಯ ಮೇಲೆ ಚಾಚಾ ಇದ್ದರು.

“ಏನೋ ಮಾಂತೇಶಾ! ಹೊಟ್ಟಿ ಬಂದೈತಲ್ಲೋ. ಗಾಡಿ ಕೆಳಗ ಹೆಂಗ ತೂರತೀದಿ?” ಎಂದು ನಕ್ಕರು. ನಾನು ತಯಾರಾಗಿದ್ದದ್ದು ಬೈಗುಳಕ್ಕೆ. ಅವರು ದನಿ ತಗ್ಗಿಸಿ ಕೇಳಿದರು:

“ಆ ಅವ್ವನ ಕೈ ಈಗ ಹೆಂಗೈತಿ? ದಿನಾ ನೆನಸ್ತೇನಿ. ಅವತ್ತ ನಂದ ಕೈ ನಡುಗಿತ್ತೋ ಏನೋ, ಟೇಪ್ ಸಡಿಲಾತೋ ಏನೋ... ಎಷ್ಟ್ ನೆನಸಿಕೊಂಡ್ರೂ ಗೊತ್ತಾಗವಲ್ದು. ಆಮ್ಯಾಲೆ ಈ ಕೈ ನಂಬಾಕ ಧೈರ್ಯ ಬರಲಿಲ್ಲ. ಇನ್ನೊಬ್ಬರದು ಮುರದ್ರ?”

ಅವರಿಗೆ ಗೊತ್ತಿರಲಿಲ್ಲ. ಅವರು ನನ್ನ ಸುಳ್ಳನ್ನು ನಂಬಿದ್ದರು. ನನ್ನ ಸ್ಕ್ಯಾನರನ್ನು, ನನ್ನ ಮಾತನ್ನು ನಂಬಿ, ತಮ್ಮ ಕೈಗಳನ್ನು ನಂಬುವುದು ಬಿಟ್ಟಿದ್ದರು.

“ಚಾಚಾ, ಬೋಲ್ಟ್ ನಂದ್ರಿ” ಅಂದೆ. “ಕ್ಲಚ್ ಮಾಡಿದಾಗ ಬಿಗಿ ಮಾಡಿರಲಿಲ್ಲ.”

“ಅರ್ಥಿಂಗಾ?”

“ಹೂಂ ರಿ.”

“ಅವತ್ತ ಗೊತ್ತಿತ್ತ ನಿನಗ?”

“ಗೊತ್ತಿತ್ರಿ.”

ಅವರು ಎರಡೂ ಕೈಗಳನ್ನು ಮುಂದೆ ಚಾಚಿ, ತಿರುವಿ ನೋಡಿಕೊಂಡರು. “ಹಂಗಾರ ಕೈ ಚೊಲೋನ ಇದ್ದೂ” ಅಂದರು. ಆಮೇಲೆ ಮಗಳಿಂದ ಇಕ್ಕಳದಂಥ ಪಕ್ಕಡ ಇಸಿದುಕೊಂಡು ಎದ್ದು ನಿಂತರು. ತಂತಿಯ ತುದಿ ಹಿಡಿದು ಸುಲಿಯಲು ನೋಡಿದರು. ಬೆರಳು ನಡುಗಿ ಪಕ್ಕಡ ಜಾರಿತು. ಮತ್ತೆ ಹಿಡಿದರು, ಮತ್ತೆ ಜಾರಿತು.

“ಈಗ ಖರೇನ ನಡಗಾಕ ಹತ್ಯಾವ” ಎಂದು ಪಕ್ಕಡವನ್ನು ನನಗೆ ಕೊಟ್ಟರು. ಹೋಲ್ಡರ್ ಕೂಡಿಸಿದೆ. ಅಲ್ಲಿ ಇದ್ದದ್ದು ಕಪ್ಪು ಟೇಪು, ಅದನ್ನೇ ಸುತ್ತಿದೆ. ಅವರು ಕೆಳಗೆ ಕುಳಿತು ಪ್ರತಿ ಸುತ್ತನ್ನೂ ನೋಡುತ್ತಿದ್ದರು.

ಹೊರಡುವಾಗ ಕೇಳಿದರು: “ಸಾವಕಾರಗ ಹೇಳೀಯೇನು?”

“ಇಲ್ರಿ.”

“ಆ ಅವ್ವಗ?”

ನಾನು ಸಾಮಾನಿನ ಚೀಲ ಎತ್ತಿಕೊಂಡೆ. ಅವರು ಕ್ಷಮಿಸಿದೆ ಅನ್ನಲಿಲ್ಲ, ನಾನು ಕೇಳಲೂ ಇಲ್ಲ.

ಅದಾಗಿ ಒಂದು ತಿಂಗಳು — ಐದು ವರ್ಷ ಸಾಲದೆಂಬಂತೆ ಇನ್ನೂ ಒಂದು ತಿಂಗಳು — ನಾನು ಸುಮ್ಮನಿದ್ದೆ. ಅದನ್ನೂ ಇಲ್ಲಿ ಸೇರಿಸಬೇಕು.

ನಾಳೆ ಬೆಳಿಗ್ಗೆ ಚಚಡಿಗೆ ಹೋಗುತ್ತೇನೆ. ಗಂಗವ್ವನ ಮುಂದೆ, ಸಾವಕಾರರ ಮುಂದೆ ಈ ಹಾಳೆಗಳನ್ನೇ ಓದುತ್ತೇನೆ. ಬಂದು ಗ್ಯಾರೇಜಿನ ಮುಂದೆ, ಅವತ್ತು ನಕ್ಕವರ ಮುಂದೆಯೂ ಓದುತ್ತೇನೆ. ನಾಲಿಗೆ ಎಲ್ಲಿ ತಡವರಿಸುತ್ತದೆಂದು ನನಗೆ ಗೊತ್ತು: ಬೋಲ್ಟು ಬೆರಳಿಗೇ ತಿರುಗಿತು ಎಂದು ಬರೆದಿರುವಲ್ಲಿ. ಅಲ್ಲಿ ನಿಂತು, ಆ ಸಾಲನ್ನು ಮೊದಲಿನಿಂದ ಮತ್ತೊಮ್ಮೆ ಓದುತ್ತೇನೆ.