ಗುನುಗುವ ಮರಳುಗುಡ್ಡ

ಮಕ್ಕಳೇ, ಸುಳ್ಳು ಸೇರಿಸಿ ಬರೆಯುವಷ್ಟು ಓದಿದವಳಲ್ಲ ನಾನು. ನಡೆದದ್ದನ್ನೇ ಬರೆಯುತ್ತಿದ್ದೇನೆ.

ತೊಂಬತ್ತರ ದಶಕದಲ್ಲಿ ನಿಮ್ಮ ಅಜ್ಜ ಕತಾರಿನ ಮೆಸಯೀದ್‌ನಲ್ಲಿ ಕೆಲಸಕ್ಕಿದ್ದರು. ಒಂದು ಶುಕ್ರವಾರ ಇಬ್ಬರೇ ದಕ್ಷಿಣದ ಸಮುದ್ರ ನೋಡಿ ಬರುವಾಗ ಕತ್ತಲಾಯಿತು. ಕಾರು ಮರಳಲ್ಲಿ ಹೂತುಹೋಯಿತು. ಚಕ್ರದ ಸುತ್ತ ಮರಳು ತೋಡುತ್ತಿದ್ದ ಅಜ್ಜ ಎದೆ ಹಿಡಿದುಕೊಂಡು ಕುಸಿದರು. ಮೈಯೆಲ್ಲ ತಣ್ಣನೆ ಬೆವರು...

ನಮಗೂ ರಸ್ತೆಗೂ ನಡುವೆ ಎರಡು ತೆಂಗಿನ ಮರದೆತ್ತರದ ಮರಳುಗುಡ್ಡ. ಅದರಾಚೆ ಅನಿಲ ಕಾರ್ಖಾನೆಯ ಚಿಮಣಿಯಲ್ಲಿ ಸದಾ ಉರಿಯುವ ಬೆಂಕಿಯಿಂದ ಆಕಾಶ ಕೆಂಪಗಿತ್ತು.

“ನೆಟ್ಟಗೆ ಹತ್ತಬೇಡ ಮಾರಾಯ್ತಿ... ಈ ಬದಿ ಗಾಳಿಯ ಮರೆ, ಮರಳು ಜಾರ್ತದೆ. ಅಂಚು ಹಿಡಿದು ಸುತ್ತಿ ಹೋಗು,” ಎಂದರು ಅಜ್ಜ, ನೆರವು ತರಲು ಎದ್ದ ನನಗೆ.

ಸುತ್ತಿ ಹೋಗುವಷ್ಟು ಹೊತ್ತು ಅವರು ಇರುತ್ತಾರೆಯೇ? ನಾನು ನೆಟ್ಟಗೇ ಹತ್ತಿದೆ.

ಎರಡು ಹೆಜ್ಜೆ ಏರಿದರೆ ಒಂದು ಹೆಜ್ಜೆ ಜಾರುವುದು. ಸೀರೆ ಎತ್ತಿಕಟ್ಟಿ ಅಂಬೆಗಾಲಿಟ್ಟೆ. ಅರ್ಧಕ್ಕೆ ಬಂದಾಗ ಮರಳು ಹಾಳೆಹಾಳೆಯಾಗಿ ಜಾರಿತು. ಗುಡ್ಡದೊಳಗಿಂದ ದೂರದ ವಿಮಾನದಂತೆ ಗುಂಯ್... ಎಂಬ ಸದ್ದು. ನನ್ನ ಹಲ್ಲುಗಳೂ ನಡುಗಿದವು. ಒಣಮರಳು ಜಾರಿದರೆ ಹೀಗೆ ಗುನುಗುತ್ತದೆಂದು ಅಜ್ಜ ಹಿಂದೆ ಹೇಳಿದ್ದರು. ಅದಕ್ಕೆ ಹೆದರಲಿಲ್ಲ.

ಸದ್ದು ನಿಂತಿತು. ಆಗ...

“ವಾರಿಜಾ... ಬಾ.”

ಅಜ್ಜನದೇ ದನಿ. ಕೆಳಗಿನ ಕಾರಿನ ಬಳಿಯಿಂದಲ್ಲ, ನನ್ನ ಹೆಗಲ ಹಿಂದಿನಿಂದ. ಮದುವೆಯಾದಂದಿನಿಂದ ಅವರು ನನ್ನನ್ನು ಹೆಸರು ಹಿಡಿದು ಕರೆದವರೇ ಅಲ್ಲ. ಆ ಒಣ ನೆಲದಲ್ಲಿ, ಆರದ ಒದ್ದೆ ಬಟ್ಟೆಯ ಮುಗ್ಗುಲು ವಾಸನೆ ಮೂಗಿಗೆ ಬಡಿಯಿತು. ತಿರುಗಿದರೆ ಅವರನ್ನು ಕಳೆದುಕೊಳ್ಳುತ್ತೇನೆ ಎನಿಸಿತು. ಅಳುತ್ತಲೇ ಮೇಲೇರಿ ಆಚೆ ಇಳಿದೆ.

ಪರಗಂಡಸರೆದುರು ತಲೆಯೆತ್ತದ ನಾನು ರಸ್ತೆಯ ನಡುವೆ ಕೈಚಾಚಿ ನಿಂತು ಟ್ಯಾಂಕರೊಂದನ್ನು ತಡೆದೆ. ಹರಕು ಹಿಂದಿಯಲ್ಲಿ ಅಂಗಲಾಚಿದೆ. ಪಠಾಣ ಡ್ರೈವರ್ ನನ್ನನ್ನು ಕಾರ್ಖಾನೆಯ ಗೇಟಿಗೆ ಕರೆದೊಯ್ದು ಜೀಪು ಹೊರಡಿಸಿದ.

ನಾವು ತಲುಪಿದಾಗ ಅಜ್ಜ ಕಾರಿಗೊರಗಿದ್ದರು. ಉಸಿರಿತ್ತು. ಬಲಗೈ ಮಾತ್ರ ಯಾರದೋ ಕೈ ಹಿಡಿದಂತೆ ಮುಚ್ಚಿತ್ತು.

ಆಸ್ಪತ್ರೆಯಲ್ಲಿ ಮೂರನೇ ದಿನ ಬಾಯಿಬಿಟ್ಟರು.

“ನೀನು ಅರ್ಧದಿಂದ ತಿರುಗಿ ಬಂದದ್ದು ಒಳ್ಳೇದಾಯ್ತು. ಅಷ್ಟು ಹೊತ್ತೂ ಕೈ ಬಿಡದೆ ಕೂತಿದ್ದೆಯಲ್ಲ... ಇಲ್ಲದಿದ್ರೆ ನಾನು ಉಳೀತಿರ್ಲಿಲ್ಲ. ಆದ್ರೆ ನಿನ್ನ ಕೈ ಯಾಕೆ ಅಷ್ಟು ತಣ್ಣಗಿತ್ತು?”

ನಾನು ನನ್ನ ಎರಡೂ ಕೈಗಳನ್ನು ಸೆರಗಿನೊಳಗೆ ಸೇರಿಸಿಕೊಂಡೆ.

ಆಮೇಲೆ ಹದಿನೇಳು ವರ್ಷ ಬದುಕಿದರು. ಕತ್ತಲಲ್ಲಿ ಅವರು ನನ್ನ ಕೈ ಹುಡುಕಿದಾಗಲೆಲ್ಲ, ಹುಡುಕುತ್ತಿರುವುದು ನನ್ನ ಕೈಯನ್ನೋ... ಆ ತಣ್ಣನೆಯ ಕೈಯನ್ನೋ... ನನಗೆ ಗೊತ್ತಾಗುತ್ತಿರಲಿಲ್ಲ.