ಕಸವೇ ಆಗಬೇಕಿದ್ದ ಹೆಸರು

ನನ್ನ ತಮ್ಮನ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ತಿಪ್ಪೆಯಿಂದ ಬಂದ ಹೆಸರು ಎಂದರೆ ನಮ್ಮ ಸೀಮೆಯವರಿಗೆ ಸಾಕು. ದೊಡ್ಡ ಯುದ್ಧ ಶುರುವಾಗುವ ಮುಂಚಿನ ಮಾತು. ಅವನಿಗಿಂತ ಮೊದಲು ಹುಟ್ಟಿದ ಎರಡು ಗಂಡುಕೂಸುಗಳನ್ನು ಅವ್ವ ಮಣ್ಣಿಗೆ ಕೊಟ್ಟಿದ್ದಳು. ಹಾಗಾಗಿ ಇವನನ್ನು ಹುಟ್ಟಿದ ಕೂಡಲೇ ಮೊರದಲ್ಲಿ ಮಲಗಿಸಿ ಹಿತ್ತಿಲ ತಿಪ್ಪೆಯ ಮೇಲಿಟ್ಟರು. ನೆರೆಮನೆಯ ಮುದುಕಿ ‘ಅಯ್ಯ, ಇಲ್ಲೊಂದು ಕೂಸು ಬಿದ್ದೈತಿ’ ಎಂದು ಎತ್ತಿಕೊಂಡಳು. ಅವ್ವ ಅವಳಿಗೆ ಬೊಗಸೆ ತೌಡು ಕೊಟ್ಟು ಕೂಸನ್ನು ಕೊಂಡುಕೊಂಡಳು. ಕಸ ಒಯ್ಯಲು ಸಾವು ಬರುವುದಿಲ್ಲ ಎಂಬ ನಂಬಿಕೆ.

ಅವ್ವನ ತಮ್ಮ, ನಮ್ಮ ಮಾಮಾ, ಹಿರೇಕೆರೂರಿನಲ್ಲಿ ಸಾಲಿ ಮಾಸ್ತರ. ಯಾರ ಮನೆಯಲ್ಲಿ ತೊಟ್ಟಿಲು ಕಟ್ಟಿದರೂ ಹೋಗಿ, ಹೆಸರಿನ ಮೂಲ ಯಾವುದು, ಅರ್ಥ ಸರಿಯೇ ಎಂದು ಪರೀಕ್ಷೆ ಮಾಡುವುದು ಅವನ ಚಟ. ಯಾರೂ ಕರೆಯುತ್ತಿರಲಿಲ್ಲ, ಬೇಡ ಎನ್ನುತ್ತಲೂ ಇರಲಿಲ್ಲ, ಮಾಸ್ತರರಲ್ಲವೇ. ಅಕ್ಕನ ಮಗನಿಗೆ ಇಂಥ ಹೆಸರೆಂದರೆ ಅವನಿಗೆ ಅನ್ನ ಇಳಿಯದಾಯಿತು. ಶಬ್ದಕೋಶ ತಿರುವಿಹಾಕಿ, ಒಂದು ದಿನ ನಮ್ಮೂರು ಹಾನಗಲ್ಲಿಗೆ ಬಂದವನೇ ಅಂಗಳದಲ್ಲಿ ನಿಂತು ಸಾರಿದ: ‘ಯಕ್ಕಾ, ಇದು ಸಂಸ್ಕೃತದ ಹೆಸರು! ದೇವರನ್ನ ತೃಪ್ತಿಪಡಿಸೋ ಜ್ಯೋತಿ ಅಂತ ಅರ್ಥ!’

ಅವ್ವನ ಮುಖ ಕಪ್ಪಿಟ್ಟಿತು. ‘ಸಾವಕಾಶ ಮಾತಾಡೋ ತಮ್ಮಾ, ಸಾವಿಗೆ ಕೇಳಸ್ತೈತಿ!’ ಎಂದು ಅವನ ಬಾಯಿ ಮುಚ್ಚಲು ಓಡಿದಳು. ಅಷ್ಟರಲ್ಲಿ ಓಣಿಗೆಲ್ಲ ಕೇಳಿಸಿತ್ತು. ಸಂಜೆಗೆ ಕೂಸಿನ ಮೈ ಕಾದ ಹಂಚಿನಂತಾಯಿತು. ಹಾಲು ಕುಡಿಯುವುದನ್ನೂ ಬಿಟ್ಟಿತು.

ಮರುದಿನ ಅಪ್ಪ ಬಂಡಿ ಕಟ್ಟಿದ. ಸವಣೂರಿನ ಹಕೀಮರು ಪುಡಿ ಕೊಟ್ಟರು. ಅವ್ವನಿಗೆ ಪುಡಿಗಿಂತ ಅರ್ಥದ ಚಿಂತೆ. ‘ಈ ಹೆಸರಿನ ಅರ್ಥ ಕಸಾನ ಅಲ್ರೀ ಸಾಹೇಬ್ರ?’ ನವಾಬರ ಊರು, ಸವಣೂರಿನವರ ಮರ್ಯಾದೆ ಕೇಳಬೇಕೇ! ಕೂಸನ್ನು ಹೊತ್ತು ಬಂದ ತಾಯಿಗೆ ನಿನ್ನ ಮಗ ಕಸ ಎಂದು ಹೇಳಿಯಾರೆ? ‘ತೌಬಾ, ತೌಬಾ! ಭಾಳ ಉಮದಾ ಹೆಸರವ್ವಾ. ಫಾರಸಿಯೊಳಗ ಇದಕ್ಕ ಬಾದಶಹನ ಖಜಾನೆ ಅಂತಾರ.’ ಅವ್ವ ಗೊಳೋ ಎಂದು ಅತ್ತಳು. ಸಂತೋಷಕ್ಕೆ ಅಳುತ್ತಿದ್ದಾಳೆಂದು ಅವರು ಇನ್ನೊಂದು ಒಳ್ಳೆಯ ಅರ್ಥವನ್ನೂ ಸೇರಿಸಿದರು.

ಮರಳುವ ದಾರಿಯಲ್ಲಿ, ಶಿಗ್ಗಾವಿಯ ಮಠದ ಸ್ವಾಮಿಗಳಾದ ಅಜ್ಜಾರು ಕಣ್ಣು ಮುಚ್ಚಿ ಕುಳಿತು, ಈ ಹೆಸರಿನವರು ಹಿಂದಿನ ಜನ್ಮದಲ್ಲಿ ರಾಜರು ಎಂದುಬಿಟ್ಟರು. ಜ್ವರವೂ ಏರುತ್ತಿತ್ತು, ಅರ್ಥವೂ ಏರುತ್ತಿತ್ತು. ನನಗೆ ಆ ದೊಡ್ಡವರ ಮೇಲೆಲ್ಲ ಸಿಟ್ಟು. ಒಬ್ಬರಿಗಾದರೂ ಕಸ ಎನ್ನಲು ಬಾಯಿ ಬರಬಾರದೇ?

ಮನೆಗೆ ಬಂದರೆ ಮಾಮಾ ತಲೆಯ ಮೇಲೆ ಕೈ ಹೊತ್ತು ಕುಳಿತಿದ್ದ. ಅವ್ವ ಅವನ ರಟ್ಟೆ ಹಿಡಿದು ತಿಪ್ಪೆಗೆ ಎಳೆದೊಯ್ದಳು. ‘ಸಾರಿದಾಂವ ನೀನು. ಸುಳ್ಳು ಅಂತ ನೀನ ಸಾರು.’

‘ಕೋಶದಾಗ ಐತಲ್ಲ ಯಕ್ಕಾ...’

‘ಕೋಶಕ್ಕ ಬೆಂಕಿ ಹಚ್ಚು. ನನಗ ಮಗಾ ಬೇಕು.’

ಕೋಟು, ರುಮಾಲು, ಇಸ್ತ್ರಿ ಮಾಡಿದ ಧೋತರ. ಅದೇ ವೇಷದಲ್ಲಿ ಮಾಮಾ ಸಗಣಿ ತುಳಿಯುತ್ತ ತಿಪ್ಪೆ ಹತ್ತಿ, ಅವ್ವನ ಕೈಯಿಂದ ಕೂಸನ್ನು ಎತ್ತಿಕೊಂಡು ಕೂಗಿದ: ‘ನಾ ಹೇಳಿದ್ದು ಸುಳ್ಳು! ಇದು ಕಸ! ಬರೇ ಕಸ! ಯಾರಿಗೂ ಬ್ಯಾಡಾದದ್ದು!’ ಜನ ಗೋಡೆಯ ಮೇಲಿಂದ ಇಣುಕಿ ನಕ್ಕರು. ಕೂಗುತ್ತ ಕೂಗುತ್ತ ಅವನ ದನಿ ಒಡೆಯಿತು. ಬಿಸಿಲು ತಾಗದಿರಲೆಂದು ತಲೆಯ ರುಮಾಲು ಬಿಚ್ಚಿ ಕೂಸಿಗೆ ಹೊದಿಸಿ, ಎದೆಗೆ ಅವಚಿಕೊಂಡ.

‘ಹಂಗ ಅವಚಿಕೋಬ್ಯಾಡೋ ತಮ್ಮಾ,’ ಅವ್ವ ಕೆಳಗಿನಿಂದ ಪಿಸುಗುಟ್ಟಿದಳು. ‘ಸಾವಿಗೆ ಗೊತ್ತಾಗ್ತೈತಿ.’

ಮಾಮಾ ಕೂಸನ್ನು ಮೈಯಿಂದ ದೂರ ಹಿಡಿದು, ಅಳುತ್ತಲೇ ಕಸ, ಕಸ ಎನ್ನುತ್ತ ನಿಂತ. ಕೂಸು ಹಾಲು ಕುಡಿದದ್ದು ಮರುದಿನ ಮುಂಜಾನೆ. ಅಲ್ಲಿಯ ತನಕ ನಾವು ಯಾರೂ ಅದರ ಕಡೆ ಮುದ್ದಿನಿಂದ ನೋಡುವ ಧೈರ್ಯ ಮಾಡಲಿಲ್ಲ.