ಅವ್ವನ ಚಿಮಟ

ನಿನ್ನೆ ಕಾಲೇಜಿನ ಲೈಬ್ರರಿಯಲ್ಲಿ ಒಂದು ಪುಸ್ತಕ ತೆರೆದೆ. ನಾನ್ನೂರು ವರ್ಷಗಳ ಹಿಂದೆ ಯುರೋಪಿನ ಶಸ್ತ್ರವೈದ್ಯರು ಬಳಸುತ್ತಿದ್ದ ಇಕ್ಕಳಗಳ ಚಿತ್ರ ಅದರಲ್ಲಿತ್ತು. ಒಂದರ ಮೂತಿ ಕೊಕ್ಕರೆಯ ಕೊಕ್ಕು, ಇನ್ನೊಂದರದು ಕಾಗೆಯದು, ಮತ್ತೊಂದರದು ಬಾತುಕೋಳಿಯದು. ಎಲ್ಲವೂ ಸೈನಿಕರ ಮೈಹೊಕ್ಕ ಗುಂಡನ್ನು ಹೆಕ್ಕಿ ತೆಗೆಯಲು. ಇತಿಹಾಸದ ಮೇಷ್ಟ್ರಾದ ನಾನು ಗಂಭೀರವಾಗಿ ಟಿಪ್ಪಣಿ ಬರೆದುಕೊಳ್ಳಬೇಕಿತ್ತು. ಬದಲಿಗೆ, "ಅಯ್ಯೋ, ಇದು ನಮ್ಮವ್ವನ ಚಿಮಟ!" ಎಂದು ಜೋರಾಗಿಯೇ ಅಂದುಬಿಟ್ಟೆ.

ನೀವು ಜಾಲಿಮುಳ್ಳಿನ ಸೀಮೆಯವರಾದರೆ ನಗುವುದಿಲ್ಲ. ಚಳ್ಳಕೆರೆಯ ನಮ್ಮ ಬೀದಿಯಲ್ಲಿ ಯಾರ ಕಾಲಲ್ಲಿ ಮುಳ್ಳು ಮುರಿದರೂ ಅವ್ವನ ಬಳಿಗೇ ಬರುತ್ತಿದ್ದರು. ಚಿಮಟ ಅವಳ ಸೊಂಟದ ಬೀಗದಕೈ ಗೊಂಚಲಲ್ಲೇ ಇರುತ್ತಿತ್ತು. ಕೀಳುವ ಮೊದಲು "ಏನುಂಡೆ ಇವತ್ತು?" ಎಂದು ಕೇಳುವುದು ಅವಳ ಕ್ರಮ. ಉತ್ತರ ಹೇಳಿ ಮುಗಿಸುವಷ್ಟರಲ್ಲಿ ಮುಳ್ಳು ಅವಳ ಅಂಗೈಯಲ್ಲಿ! ಎಂ.ಎ. ಓದುವಾಗಲೂ ನಾನು ಪ್ರತಿ ಸಲ ಮೋಸಹೋಗಿ, ಚಿತ್ರಾನ್ನದ ರುಚಿ ವಿವರಿಸುತ್ತ ಕೂತಿದ್ದೇನೆ.

ಆ ಎಂ.ಎ. ದಿನಗಳಲ್ಲೇ ಒಂದು ಮಧ್ಯಾಹ್ನ ಪಕ್ಕದ ಮನೆಯ ಮೆಕ್ಯಾನಿಕ್ ರಹೀಂ ಸಾಬರು ಪುಟ್ಟ ಮಗಳು ಶಬಾನಾಳನ್ನು ಎತ್ತಿಕೊಂಡು ಓಡಿಬಂದರು.

"ಗಂಟಲಾಗೆ ಶೇಂಗಾ ಸಿಕ್ಕೊಂಡೈತೆ ಅವ್ವಾ, ಜಲ್ದಿ ಕಿತ್ತುಬಿಡ್ರೀ!"

ಆಸ್ಪತ್ರೆಗಲ್ಲ, ಮುಳ್ಳು ಕೀಳುವವಳ ಹತ್ತಿರ. ನಮ್ಮ ಬೀದಿಯ ನಂಬಿಕೆ ಅಂಥದ್ದು. ಅವ್ವನೂ ಹಿಂದೆಮುಂದೆ ನೋಡದೆ ಮಗುವಿನ ಬಾಯಿ ತೆರೆದಳು. ಚಿಮಟದ ತುದಿ ತುಟಿ ದಾಟಿತ್ತು. ರೂಢಿಯಂತೆ ಕೇಳಿದಳು: "ಏನುಂಡೆ ನನ್ನವ್ವಾ, ಇವತ್ತು?"

ಮಗು ಬಾಯಾಡಿಸಿತು. ಸದ್ದಿಲ್ಲ. ಅಳುವಿಲ್ಲ, ಕೆಮ್ಮೂ ಇಲ್ಲ. ತುಟಿ ನೀಲಿಗಟ್ಟುತ್ತಿತ್ತು.

ಅವ್ವ ಚಿಮಟ ಬಿಸಾಕಿದಳು.

"ಯಾಕವ್ವಾ? ಕೀಳ್ರೀ!"

"ಕಾಣದ್ದನ್ನ ಏನ್ ಕೀಳ್ಲಪ್ಪ? ಇನ್ನೂ ಒಳಕ್ಕೆ ತಳ್ಳಿಬಿಡ್ತೀನಿ. ಉಸ್ರೇ ಇಲ್ಲ ಕೂಸಿಗೆ, ಸರಿ ಅತ್ಲಾಗೆ!"

ಮಗುವನ್ನು ತಲೆ ಕೆಳಗಾಗುವಂತೆ ತೊಡೆಯ ಮೇಲೆ ಬೋರಲು ಹಾಕಿ ಬೆನ್ನಿಗೆ ಗುದ್ದಿದಳು. ಮತ್ತೆ ಗುದ್ದಿದಳು. ನಾನು ಬಾಗಿಲ ಚೌಕಟ್ಟು ಹಿಡಿದು ನಿಂತೇ ಇದ್ದೆ. ಕೊನೆಗೆ ಬೀಜ ಪಟ್ಟನೆ ನೆಲಕ್ಕೆ ಬಿತ್ತು, ಹಿಂದೆಯೇ ಅಳು ಬಂತು. ಅಷ್ಟು ಚಂದದ ಅಳುವನ್ನು ನಾನು ಮತ್ತೆ ಕೇಳಿಲ್ಲ. ಆ ತುದಿ ಇನ್ನೊಂದು ಬೆರಳಗಲ ಒಳಗೆ ಹೋಗಿದ್ದರೆ ಎಂದು ಈಗಲೂ ಬೆವರುತ್ತೇನೆ.

ಶಬಾನಾ ಈಗ ಮೊಳಕಾಲ್ಮೂರಿನಲ್ಲಿ ಟೀಚರ್. ನಿನ್ನೆ ಸಂಜೆ ಮನೆಗೆ ಬಂದವಳು ಹುರಿದ ಶೇಂಗಾ ಬಟ್ಟಲನ್ನು ಮುಂದೆಳೆದುಕೊಂಡು ಕೂತಳು.

"ಅದೇನಣ್ಣಾ, ನನ್ ಬಾಯೇ ನೋಡ್ತೀರಿ? ಬೇಕಾದ್ರೆ ಕೇಳ್ರೀ, ಕೊಡ್ತೀನಿ!"

ತಿನ್ನುವವರನ್ನು ಮಾತಾಡಿಸಬಾರದೆಂದು ನನಗೂ ಗೊತ್ತು. ಆದರೂ ಸ್ಕೂಲಿನ ಸುದ್ದಿ, ಬಸ್ಸಿನ ಸುದ್ದಿ ಎಂದು ಹಿಡಿಹಿಡಿಗೂ ಏನಾದರೊಂದು ಕೇಳಿದೆ. ಪ್ರತಿ ಸಲವೂ ಅವಳ ಉತ್ತರ ಬರುವತನಕ ನಾನು ಉಸಿರು ಬಿಡಲಿಲ್ಲ.